ಐಹೊಳೆ, ಪಟ್ಟದಕಲ್ಲು, ಮಹಾಕೂಟದ ಹೊಂಡ, ಬಾದಾಮಿ: ಒಂದು ದಿನದ ಪ್ರವಾಸದ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ಬಾದಾಮಿ ಕಡೆಯವನು. ಎಂಟು ಜನರಿಗಿಂತ ಜಾಸ್ತಿ ಕರೆದುಕೊಂಡು ಹೋಗುವುದಿಲ್ಲ. ಒಂದು ಗಾಡಿ, ಒಂದು ದಿನ, ನಾಲ್ಕು ಜಾಗ, ನಡುವೆ ಒಂದು ಈಜು. ಫೋನಿನಲ್ಲಿ ದಿನಾ ಹೇಳಿದ್ದನ್ನೇ ಹೇಳಿ ಗಂಟಲು ಒಣಗಿತು. ಅದಕ್ಕೇ ಎಲ್ಲವನ್ನೂ ಇಲ್ಲಿ ಬರೆದಿಟ್ಟಿದ್ದೇನೆ.

ಒಂದೇ ದಿನದಲ್ಲಿ ಎಲ್ಲೆಲ್ಲಿ ಹೋಗುತ್ತೇವೆ?

ಬೆಳಗ್ಗೆ ಆರೂವರೆಗೆ ಬಾದಾಮಿ ಬಿಡುತ್ತೇವೆ. ಮೊದಲು ಐಹೊಳೆ, ಆಮೇಲೆ ಪಟ್ಟದಕಲ್ಲು. ಮಧ್ಯಾಹ್ನ ಒಂದರ ಹೊತ್ತಿಗೆ ಮಹಾಕೂಟ. ಅಲ್ಲೇ ಈಜು, ಅಲ್ಲೇ ಊಟ. ಮೂರೂವರೆಗೆ ವಾಪಸ್ ಬಾದಾಮಿ. ಗುಹೆಗಳನ್ನು ನೋಡಿ, ಕೆರೆ ಸುತ್ತಿ ಭೂತನಾಥ ಗುಡಿಗೆ ಹೋಗಿ ಕೂತರೆ ಸೂರ್ಯ ಮುಳುಗುತ್ತಾನೆ. ಅಲ್ಲಿಗೆ ನಮ್ಮ ದಿನ ಮುಗಿಯಿತು.

ಬಾದಾಮಿಯಲ್ಲೇ ಇದ್ದುಕೊಂಡು ಬಾದಾಮಿಯನ್ನು ಕೊನೆಗೆ ಯಾಕೆ ಇಟ್ಟಿದ್ದೀರಿ?

ಎರಡು ಕಾರಣ. ಐಹೊಳೆಯಲ್ಲಿ ಮೇಗುತಿ ಗುಡ್ಡ ಹತ್ತಬೇಕು. ಅದು ಬೆಳಗಿನ ತಂಪಿನಲ್ಲಿ ಆಗುವ ಕೆಲಸ. ಹನ್ನೊಂದು ಗಂಟೆಗೆ ಹತ್ತಿದವರು ಮೇಲೆ ಹೋಗಿ ಶಾಸನ ನೋಡುವುದಿಲ್ಲ, ನೆರಳು ಹುಡುಕುತ್ತಾರೆ.

ಇನ್ನೊಂದು ಕಾರಣ ಭೂತನಾಥ. ಗುಡಿ ಕೆರೆಯ ಮೂಡಣ ದಂಡೆಯಲ್ಲಿದೆ, ಮುಖ ನೀರಿನ ಕಡೆಗೆ. ಸಂಜೆಯ ಬಿಸಿಲು ನೇರ ಅದರ ಮೇಲೇ ಬೀಳುತ್ತದೆ. ಕೆಂಪು ಕಲ್ಲು ಇನ್ನಷ್ಟು ಕೆಂಪಾಗುತ್ತದೆ. ಬೆಳಗ್ಗೆ ಹೋದರೆ ಅದೇ ಗುಡಿ ಸಪ್ಪಗೆ ಕಾಣುತ್ತದೆ. ದೊಡ್ಡ ಬಸ್ಸಿನಲ್ಲಿ ಬರುವವರು ಹೆಚ್ಚಾಗಿ ಬಾದಾಮಿಯಿಂದ ಶುರು ಮಾಡುತ್ತಾರೆ. ನಾವು ಹಿಂದು ಮುಂದು ಮಾಡುವುದರಿಂದ ಜನಜಂಗುಳಿಯೂ ತಪ್ಪುತ್ತದೆ.

ಈಜುವುದು ಎಲ್ಲಿ? ಸ್ವಿಮ್ಮಿಂಗ್ ಪೂಲ್ ಇದೆಯಾ?

ಪೂಲ್ ಇಲ್ಲ. ಮಹಾಕೂಟದಲ್ಲಿ ಹೊಂಡ ಇದೆ. ಪುಸ್ತಕದಲ್ಲಿ ವಿಷ್ಣು ಪುಷ್ಕರಣಿ ಎಂದು ಬರೆದಿರುತ್ತದೆ, ಊರಿನವರಿಗೆ ಬರೀ ಹೊಂಡ. ಗುಡ್ಡದ ಬುಡದಲ್ಲಿ ಹುಟ್ಟುವ ಒರತೆಯ ನೀರು ತುಂಬಿಕೊಳ್ಳುತ್ತದೆ. ಸುತ್ತಲೂ ಕಲ್ಲಿನ ಮೆಟ್ಟಿಲು, ಸುತ್ತಲೂ ಚಾಲುಕ್ಯರ ಕಾಲದ ಸಣ್ಣ ದೊಡ್ಡ ಗುಡಿಗಳು, ಮೇಲೆ ದೊಡ್ಡ ಮರಗಳ ನೆರಳು. ಏಪ್ರಿಲ್‌ನಲ್ಲಿ ಹೊರಗೆ ಕಲ್ಲು ಹೆಂಚಿನ ಹಾಗೆ ಕಾದಿರುವಾಗಲೂ ಇಲ್ಲಿ ಇಳಿದರೆ ಮೈ ಜುಮ್ ಎನ್ನುತ್ತದೆ.

ಹೊಂಡದೊಳಗೇ ಒಂದು ಪುಟ್ಟ ಮಂಟಪ ಇದೆ. ಅದರಲ್ಲಿ ಪಂಚಮುಖ ಲಿಂಗ: ನಾಲ್ಕು ದಿಕ್ಕಿಗೆ ನಾಲ್ಕು ಮುಖ, ಮೇಲಕ್ಕೆ ಒಂದು. ಈಜು ಬರುವವರು ಅಲ್ಲಿಗೆ ಹೋಗಿ ಕೈಮುಗಿದು ಬರುತ್ತಾರೆ. ಊರಿನ ಹುಡುಗರು ದಂಡೆಯಿಂದ ಧುಮುಕುತ್ತಾರೆ. ಅವರನ್ನು ನೋಡಿ ನೀವೂ ಧುಮುಕಬೇಡಿ. ನೀರೊಳಗೆ ಯಾವ ಕಲ್ಲು ಎಲ್ಲಿದೆ ಎಂದು ಅವರಿಗೆ ಚಿಕ್ಕಂದಿನಿಂದ ಗೊತ್ತು, ನಿಮಗೆ ಗೊತ್ತಿಲ್ಲ.

ಒಂದು ಮಾತು ನೆನಪಿರಲಿ. ಇದು ಪೂಜೆ ನಡೆಯುವ ಜಾಗ. ಪಕ್ಕದಲ್ಲೇ ಮಹಾಕೂಟೇಶ್ವರನ ಗುಡಿಯಲ್ಲಿ ಗಂಟೆ ಬಾರಿಸುತ್ತಿರುತ್ತದೆ. ಭಕ್ತರು ಮಿಂದು ಒದ್ದೆ ಬಟ್ಟೆಯಲ್ಲೇ ದರ್ಶನಕ್ಕೆ ಹೋಗುತ್ತಾರೆ. ಸೋಪು, ಶಾಂಪೂ, ಬಿಯರು, ಜೋರು ಹಾಡು ಬೇಡವೇ ಬೇಡ. ಗುಡಿಯವರು ಇವತ್ತು ಇಳಿಯಬೇಡಿ ಎಂದರೆ ಇಳಿಯುವುದಿಲ್ಲ. ಅದರ ಮೇಲೆ ವಾದ ಮಾಡುವವರನ್ನು ನಾನು ಎರಡನೇ ಸಲ ಕರೆದುಕೊಂಡು ಹೋಗಿಲ್ಲ.

ಬಾದಾಮಿ ಕೆರೆ ಫೋಟೊದಲ್ಲಿ ಎಷ್ಟು ಚೆನ್ನಾಗಿದೆ! ಅಲ್ಲಿ ಈಜಬಹುದಾ?

ಬೇಡ. ಅಗಸ್ತ್ಯ ತೀರ್ಥ ನೋಡಲು ಚೆಂದ. ಹಸಿರು ನೀರು, ಎರಡು ಕಡೆ ಕೆಂಪು ಬೆಟ್ಟ. ಆದರೆ ಊರ ಹೆಂಗಸರು ಬಟ್ಟೆ ಒಗೆಯುವುದು ಅಲ್ಲೇ. ಮೆಟ್ಟಿಲುಗಳಲ್ಲಿ ಪಾಚಿ ಇದೆ. ದಂಡೆಯಲ್ಲಿ ಕೂತು ಕಲ್ಲಿನ ಮೇಲೆ ಬಟ್ಟೆ ಬಡಿಯುವ ಸದ್ದು ಎದುರಿನ ಬೆಟ್ಟಕ್ಕೆ ಹೊಡೆದು ವಾಪಸ್ ಬರುವುದನ್ನು ಕೇಳಿ. ನನಗೆ ಗುಹೆಗಳಷ್ಟೇ ಇಷ್ಟವಾದ ಸಂಗತಿ ಅದು.

ಪಟ್ಟದಕಲ್ಲಿನಲ್ಲಿ ಗುಡಿ ಹಿಂದೆಯೇ ನದಿ ಇದೆಯಲ್ಲ?

ಇದೆ. ಮಲಪ್ರಭೆ. ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟಿ, ಸವದತ್ತಿ ಹತ್ತಿರದ ನವಿಲುತೀರ್ಥ ಅಣೆಕಟ್ಟು ದಾಟಿ ಬರುತ್ತದೆ. ಮುಂದೆ ಕೂಡಲಸಂಗಮದಲ್ಲಿ ಕೃಷ್ಣೆಗೆ ಸೇರುತ್ತದೆ. ಪಟ್ಟದಕಲ್ಲಿನಲ್ಲಿ ಅದು ಉತ್ತರಕ್ಕೆ ತಿರುಗಿ ಹರಿಯುತ್ತದೆ. ಉತ್ತರವಾಹಿನಿ ಪವಿತ್ರ ಎಂಬ ನಂಬಿಕೆ ಹಳೆಯದು. ರಾಜರ ಪಟ್ಟಾಭಿಷೇಕಕ್ಕೆ ಈ ಜಾಗವನ್ನೇ ಆರಿಸಿದ್ದಕ್ಕೆ ಹಿರಿಯರು ಕೊಡುವ ಕಾರಣವೂ ಅದೇ.

ಆದರೆ ಈಜಲು ಬಿಡುವುದಿಲ್ಲ. ಇದೇ ನದಿ 2009ರಲ್ಲಿ, ಮತ್ತೆ 2019ರಲ್ಲಿ ಉಕ್ಕಿ ಬಂದು ಗುಡಿಗಳನ್ನು ಸುತ್ತುಗಟ್ಟಿತ್ತು. ಅಣೆಕಟ್ಟಿನಿಂದ ನೀರು ಬಿಟ್ಟರೆ ಇಲ್ಲಿ ಮಟ್ಟ ಏರುತ್ತದೆ. ನೀರು ಕಡಿಮೆ ಇದ್ದಾಗಲೂ ತಳದಲ್ಲಿ ಗುಂಡಿಗಳಿರುತ್ತವೆ. ಒಮ್ಮೆ ನನ್ನ ಜೊತೆ ಬಂದಿದ್ದ ಮೂವರು ಹುಡುಗರು, ನಾನು ಟಿಕೆಟ್ ಕೊಳ್ಳುವಷ್ಟರಲ್ಲಿ ನದಿಗೆ ಇಳಿದೇ ಬಿಟ್ಟಿದ್ದರು. ಮೊಣಕಾಲುದ್ದ ನೀರು ಎಂದುಕೊಂಡಿದ್ದರು. ನಾಲ್ಕನೇ ಹೆಜ್ಜೆಗೆ ಒಬ್ಬ ಕಾಣಲಿಲ್ಲ. ಎಮ್ಮೆ ತೊಳೆಯುತ್ತಿದ್ದ ಕಾಕಾ ಒಬ್ಬರು ಅವನ ಜುಟ್ಟು ಹಿಡಿದು ಎಳೆದು ಹಾಕಿದರು. "ಇದು ಹೊಳಿ ಐತಿ ತಮ್ಮಾ. ನಿನ್ನೆ ಇದ್ದ ತಳ ಇವತ್ತ ಇರಂಗಿಲ್ಲ" ಎಂದು ಹೇಳಿ ಮತ್ತೆ ಎಮ್ಮೆ ತೊಳೆಯಲು ಹೋದರು. ಅವತ್ತಿನಿಂದ ಟಿಕೆಟ್ ಕೊಳ್ಳುವಾಗ ಎಲ್ಲರನ್ನೂ ಪಕ್ಕದಲ್ಲೇ ನಿಲ್ಲಿಸಿಕೊಳ್ಳುತ್ತೇನೆ.

ಜಲಪಾತ ಇಲ್ಲವಾ?

ಮಳೆ ಬಂದರೆ ಇದೆ, ಇಲ್ಲದಿದ್ದರೆ ಬರೀ ಬಂಡೆ. ಬಾದಾಮಿಯಲ್ಲಿ ಅಕ್ಕ-ತಂಗಿ ಎಂಬ ಜೋಡಿ ಜಲಪಾತ ಜೋರು ಮಳೆಯಾದ ಮೇಲೆ ಬೆಟ್ಟದಿಂದ ಬೀಳುತ್ತದೆ. ಪಟ್ಟದಕಲ್ಲಿನ ದಾರಿಯಲ್ಲಿ ಹುಲಿಗೆಮ್ಮನ ಕೊಳ್ಳ ಇದೆ. ಅಲ್ಲೂ ಮೇಲಿನಿಂದ ನೀರು ಇಳಿಯುತ್ತದೆ, ಬಂಡೆಯ ಕೆಳಗೆ ಹಳೆಯ ಸಣ್ಣ ಗುಡಿಗಳು ಸಾಲಾಗಿ ಕೂತಿವೆ. ಹಿಂದಿನ ರಾತ್ರಿ ಮಳೆಯಾಗಿದ್ದರೆ ಹೇಳದೆಯೂ ಅಲ್ಲಿಗೆ ಗಾಡಿ ತಿರುಗಿಸುತ್ತೇನೆ. ಜನವರಿಯಲ್ಲಿ ಬಂದು ಜಲಪಾತ ಎಲ್ಲಿ ಎಂದು ಕೇಳಬೇಡಿ.

ವರ್ಷದಲ್ಲಿ ಹೆಚ್ಚು ದಿನ ನೀರು ಬೀಳುವುದನ್ನೇ ನೋಡಬೇಕು ಎಂದರೆ ನೀವು ಗೋಕಾಕಕ್ಕೆ ಹೋಗಬೇಕು. ಅದು ಬೇರೆ ದಿಕ್ಕು, ಬೇರೆ ದಿನ. ಅಲ್ಲೂ ನೀರಿಗೆ ಇಳಿಯುವ ಯೋಚನೆ ಬೇಡ.

ನನಗೆ ಈಜು ಬರುವುದಿಲ್ಲ.

ಮೆಟ್ಟಿಲ ಮೇಲೆ ಕೂತು ಕಾಲು ಇಳಿಬಿಡಿ. ಅರ್ಧ ಜನ ಮಾಡುವುದು ಅದನ್ನೇ. ನೀರಿಗೆ ಇಳಿಯಲೇಬೇಕು ಎಂದರೆ ಗಾಡಿಯಲ್ಲಿ ಲೈಫ್ ಜಾಕೆಟ್ ಮತ್ತು ಹಗ್ಗ ಇದೆ. ನಾನು ದಂಡೆಯಲ್ಲೇ ಇರುತ್ತೇನೆ. ಮಕ್ಕಳ ಕೈಯನ್ನು ಮಾತ್ರ ತಂದೆ ತಾಯಿಯೇ ಹಿಡಿದಿರಬೇಕು.

ಹೆಣ್ಣುಮಕ್ಕಳಿಗೆ ಮುಜುಗರ ಆಗುವುದಿಲ್ಲವಾ? ಏನು ಹಾಕಿಕೊಳ್ಳಬೇಕು?

ಇದನ್ನು ಜಾಸ್ತಿ ಕೇಳುವುದು ಬೆಂಗಳೂರಿನವರು. ಇಲ್ಲಿಗೆ ಬರುವ ಹೆಂಗಸರು ಸೀರೆ ಉಟ್ಟುಕೊಂಡೇ, ಚೂಡಿದಾರದಲ್ಲೇ ಮುಳುಗಿ ಏಳುತ್ತಾರೆ. ನೀವೂ ಹಾಗೇ ಬನ್ನಿ. ಗಾಢ ಬಣ್ಣದ ಟೀ ಶರ್ಟು, ಮೊಣಕಾಲು ದಾಟುವ ಪ್ಯಾಂಟು ಸಾಕು. ಈಜುಡುಗೆ ಇಲ್ಲಿಗೆ ಹೊಂದುವುದಿಲ್ಲ. ಗಂಡಸರೂ ಬರೀ ಚಡ್ಡಿಯಲ್ಲಿ ಗುಡಿ ಅಂಗಳ ಸುತ್ತಬಾರದು. ಬಟ್ಟೆ ಬದಲಿಸಲು ಗಾಡಿಯ ಕಿಟಕಿಗೆ ಪರದೆ ಹಾಕಿಸಿದ್ದೇನೆ. ಸೋಮವಾರ, ಅಮಾವಾಸ್ಯೆ ಮತ್ತು ಶ್ರಾವಣದಲ್ಲಿ ರಶ್ ಇರುತ್ತದೆ. ನೆಮ್ಮದಿಯಾಗಿ ಈಜಬೇಕಾದರೆ ಮಂಗಳವಾರದಿಂದ ಗುರುವಾರದೊಳಗೆ ಬನ್ನಿ.

ಗೂಗಲ್‌ನಲ್ಲಿ ಎಲ್ಲಾ ಸಿಗುತ್ತದೆ. ಗೈಡ್ ಯಾಕೆ ಬೇಕು?

ಗುಡಿಯ ಹೆಸರು, ಕಟ್ಟಿಸಿದವರ ಹೆಸರು ಸಿಗುತ್ತದೆ, ನಿಜ. ಆದರೆ ಎಲ್ಲಿ ನಿಂತು ನೋಡಬೇಕು ಎಂಬುದು ಸಿಗುವುದಿಲ್ಲ.

ಐಹೊಳೆಯ ದುರ್ಗ ಗುಡಿಯನ್ನೇ ತೆಗೆದುಕೊಳ್ಳಿ. ಬಂದವರೆಲ್ಲ ಒಳಗೆ ದುರ್ಗಮ್ಮನನ್ನು ಹುಡುಕುತ್ತಾರೆ. ಆ ಹೆಸರು ಬಂದದ್ದು ಪಕ್ಕದಲ್ಲಿದ್ದ ಕೋಟೆಯಿಂದ. ದುರ್ಗ ಎಂದರೆ ಕೋಟೆ ಅಲ್ವಾ? ಅದರ ಹಿಂಭಾಗಕ್ಕೆ ಹೋಗಿ ನಿಂತರೆ ಗುಡಿ ಆನೆಯ ಬೆನ್ನಿನ ಹಾಗೆ ದುಂಡಗಿದೆ. ಲಾಡಖಾನ್ ಗುಡಿಗೆ ಆ ಹೆಸರು ಬಂದದ್ದು ಅದರಲ್ಲಿ ವಾಸವಾಗಿದ್ದ ಒಬ್ಬನಿಂದ. ಅದರ ಕಲ್ಲಿನ ಚಾವಣಿ ನೋಡಿ. ಕಲ್ಲಿನ ಚಪ್ಪಡಿ, ಅದರ ಸಂದು ಮುಚ್ಚಲು ಉದ್ದನೆಯ ಕಲ್ಲಿನ ಪಟ್ಟಿ. ಕಟ್ಟಿಗೆಯ ಮನೆ ಕಟ್ಟುತ್ತಿದ್ದ ಕೈಗಳು ಕಲ್ಲಿಗೆ ಹೊರಳಿದ್ದು ಅಲ್ಲಿ ಕಾಣುತ್ತದೆ. ಮೇಗುತಿಯ ಮೇಲಿನ ರವಿಕೀರ್ತಿಯ ಶಾಸನ ಕ್ರಿ.ಶ. 634ರದು. ಇಮ್ಮಡಿ ಪುಲಕೇಶಿಯ ಬಗ್ಗೆ ನಾವು ಶಾಲೆಯಲ್ಲಿ ಓದಿದ್ದರಲ್ಲಿ ಬಹಳಷ್ಟು ಬಂದದ್ದು ಆ ಒಂದು ಗೋಡೆಯಿಂದ.

ಪಟ್ಟದಕಲ್ಲಿನಲ್ಲಿ ಒಂದೇ ಆವರಣದಲ್ಲಿ ಉತ್ತರದ ನಾಗರ ಶಿಖರ, ದಕ್ಷಿಣದ ದ್ರಾವಿಡ ವಿಮಾನ ಅಕ್ಕಪಕ್ಕ ನಿಂತಿವೆ. ಒಟ್ಟು ಹತ್ತು ಗುಡಿ: ಒಂಬತ್ತು ಶಿವನವು, ಒಂದು ಜೈನರದು. 1987ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಆದರೆ ನಾನು ಅಲ್ಲಿ ಹೇಳುವುದು ಒಂದು ಸೇಡಿನ ಕಥೆ. 642ರಲ್ಲಿ ಪಲ್ಲವರ ನರಸಿಂಹವರ್ಮ ವಾತಾಪಿಯನ್ನು, ಅಂದರೆ ನಮ್ಮ ಬಾದಾಮಿಯನ್ನು ಗೆದ್ದ. ಗೆದ್ದದ್ದನ್ನು ಇಲ್ಲಿನ ಬಂಡೆಯ ಮೇಲೇ ಕೆತ್ತಿಸಿ ಹೋದ. ಸುಮಾರು ನೂರು ವರ್ಷ ಆದ ಮೇಲೆ ಚಾಲುಕ್ಯರ ಇಮ್ಮಡಿ ವಿಕ್ರಮಾದಿತ್ಯ ಪಲ್ಲವರ ರಾಜಧಾನಿ ಕಂಚಿಗೆ ನುಗ್ಗಿದ. ಊರು ಸುಡುತ್ತಾನೆ ಎಂದುಕೊಂಡರೆ, ಕೈಲಾಸನಾಥ ಗುಡಿಯ ಸಂಪತ್ತನ್ನು ಗುಡಿಗೇ ಬಿಟ್ಟು, ಅಲ್ಲೇ ಕನ್ನಡದಲ್ಲಿ ಶಾಸನ ಹಾಕಿಸಿ ಬಂದ. ಈ ಗೆಲುವಿನ ನೆನಪಿಗೆ ರಾಣಿ ಲೋಕಮಹಾದೇವಿ ಕಟ್ಟಿಸಿದ್ದು ವಿರೂಪಾಕ್ಷ ಗುಡಿ. ಪಕ್ಕದ ಮಲ್ಲಿಕಾರ್ಜುನ ಅವಳ ತಂಗಿ, ಅವನ ಇನ್ನೊಬ್ಬ ರಾಣಿ ತ್ರೈಲೋಕ್ಯಮಹಾದೇವಿ ಕಟ್ಟಿಸಿದ್ದು. ವಿರೂಪಾಕ್ಷ ಗುಡಿ ಕಟ್ಟಿದ ಸೂತ್ರಧಾರಿಯ ಹೆಸರೂ ಶಾಸನದಲ್ಲಿ ಉಳಿದಿದೆ: ಗುಂಡ ಅನಿವಾರಿತಾಚಾರಿ. ಇವತ್ತು ಕಟ್ಟಡ ಉದ್ಘಾಟನೆಯಾದರೆ ಕಲ್ಲಿನ ಮೇಲೆ ಮೇಸ್ತ್ರಿಯ ಹೆಸರು ಹಾಕುತ್ತಾರಾ ಹೇಳಿ.

ಬಾದಾಮಿಯ ಗುಹೆಗಳನ್ನು ಊರವರು ಮೇಣಬಸದಿ ಎನ್ನುತ್ತಾರೆ. ನಾಲ್ಕು ಗುಹೆ. ಮೊದಲನೆಯದರ ಹೊರಗೆ ಹದಿನೆಂಟು ಕೈಗಳ ನಟರಾಜ. ಮೂರನೆಯದು ಎಲ್ಲಕ್ಕಿಂತ ದೊಡ್ಡದು. ಚಾಲುಕ್ಯರ ಮಂಗಳೇಶನ ಶಾಸನ ಅಲ್ಲಿದೆ, ಕ್ರಿ.ಶ. 578ರದು. ಗುಹೆ ಇಳಿದು ಎಲ್ಲರೂ ಚಹಾ ಅಂಗಡಿಗೆ ಹೋಗುತ್ತಾರೆ. ನಾನು ಮಾತ್ರ ಕಪ್ಪೆ ಅರಭಟ್ಟನ ಬಂಡೆಯ ಕಡೆ ಎಳೆದುಕೊಂಡು ಹೋಗುತ್ತೇನೆ. ಸುಮಾರು 700ನೇ ಇಸವಿಯ ಶಾಸನ, ಅದರಲ್ಲಿ ಕನ್ನಡದ ತ್ರಿಪದಿ. ಒಳ್ಳೆಯವನಿಗೆ ಒಳ್ಳೆಯವನು, ಕಾಡುವವನಿಗೆ ಕಲಿಯುಗಕ್ಕೇ ವಿಪರೀತ ಎಂದು ಅವನನ್ನು ಹೊಗಳುತ್ತದೆ. ಅವನು ಯಾರು, ರಾಜನಾ ಸೈನಿಕನಾ, ಶಾಸನ ಹೇಳುವುದಿಲ್ಲ. ಬಂಡೆ ನೋಡಲು ಏನೂ ಇಲ್ಲ. ಆದರೂ ನನ್ನ ಮಟ್ಟಿಗೆ ಇಡೀ ದಿನದ ಟಿಕೆಟ್ ಅದಕ್ಕೇ.

ಯಾವ ತಿಂಗಳಲ್ಲಿ ಬರಬೇಕು?

ಗುಡಿ ನೋಡಲು ನವೆಂಬರ್‌ನಿಂದ ಫೆಬ್ರುವರಿ. ಈಜಲು ಮಾರ್ಚ್. ಎರಡೂ ಬೇಕು ಎಂದರೆ ಫೆಬ್ರುವರಿ ಕೊನೆಯ ವಾರಗಳು. ಏಪ್ರಿಲ್, ಮೇ ತಿಂಗಳಲ್ಲಿ ಬಿಸಿಲು 40 ಡಿಗ್ರಿ ಮುಟ್ಟುತ್ತದೆ. ಗುಡಿಯಂಗಳದ ಕಲ್ಲಿನ ಮೇಲೆ ಬರಿಗಾಲಲ್ಲಿ ನಿಲ್ಲಲು ಆಗುವುದಿಲ್ಲ. ಆಗ ಬೆಳಗ್ಗೆ ಐದೂವರೆಗೆ ಹೊರಟು ಹತ್ತೂವರೆಗೇ ಮಹಾಕೂಟ ಸೇರಿಬಿಡುತ್ತೇವೆ.

ಬನದ ಹುಣ್ಣಿಮೆಯ ಹೊತ್ತಿಗೆ, ಅಂದರೆ ಜನವರಿ ಆಸುಪಾಸಿನಲ್ಲಿ, ಬನಶಂಕರಿ ಜಾತ್ರೆ. ತೇರು ಒಂದು ದಿನ, ಜಾತ್ರೆ ವಾರಗಟ್ಟಲೆ. ನಾಟಕ ಕಂಪನಿಗಳ ತಗಡಿನ ಥಿಯೇಟರು ಸಾಲಾಗಿ ಎದ್ದಿರುತ್ತವೆ. ಆಗ ಬಂದರೆ ಒಂದು ರಾತ್ರಿ ಉಳಿದು ನಾಟಕ ನೋಡಿ. ಬಾದಾಮಿಯ ರೂಮು ಮಾತ್ರ ಮೊದಲೇ ಹಿಡಿದಿಡಿ.

ಬೆಳಗಾವಿ, ವಿಜಯಪುರ, ಹುಬ್ಬಳ್ಳಿಯಿಂದ ಬೆಳಗ್ಗೆಯೇ ಬಂದು ಸೇರಬಹುದಾ?

ಬಾಗಲಕೋಟೆಯಿಂದ ಬರಬಹುದು, ಗಂಟೆಯೊಳಗಿನ ದಾರಿ. ಉಳಿದ ಕಡೆಯವರು ಹಿಂದಿನ ರಾತ್ರಿ ಬಂದು ಉಳಿಯಿರಿ. ಹುಬ್ಬಳ್ಳಿ ನೂರು ಕಿಲೋಮೀಟರಿಗೂ ಸ್ವಲ್ಪ ಜಾಸ್ತಿ, ಬೆಳಗಾವಿ ಇನ್ನೂ ದೂರ. ಗದಗ–ಸೊಲ್ಲಾಪುರ ರೈಲು ದಾರಿಯಲ್ಲಿ ಬಾದಾಮಿ ಸ್ಟೇಷನ್ ಇದೆ. ಸ್ಟೇಷನ್ನಿನಿಂದ ಊರಿಗೆ ಐದು ಕಿಲೋಮೀಟರು, ಆಟೊ ಸಿಗುತ್ತದೆ. ಹೊರಟ ಮೇಲೆ ಲೆಕ್ಕ ಸುಲಭ: ಐಹೊಳೆಯಿಂದ ಪಟ್ಟದಕಲ್ಲಿಗೆ ಸುಮಾರು 14 ಕಿಲೋಮೀಟರು, ಅಲ್ಲಿಂದ ಬಾದಾಮಿಗೆ 22. ಮಹಾಕೂಟ ಈ ಎರಡರ ನಡುವೆ ಒಳದಾರಿಯಲ್ಲಿ ಸಿಗುತ್ತದೆ.

ಕೂಡಲಸಂಗಮ, ಗೋಳಗುಮ್ಮಟವನ್ನೂ ಅದೇ ದಿನ ಸೇರಿಸಿ.

ಆಗುವುದಿಲ್ಲ. ಸೇರಿಸಿದರೆ ನೀವು ನೋಡುವುದು ಗಾಡಿಯ ಕಿಟಕಿ ಮಾತ್ರ. ವಿಜಯಪುರಕ್ಕೆ ಇನ್ನೊಂದು ದಿನ ಇಟ್ಟುಕೊಳ್ಳಿ. ಹೋದಾಗ ಗುಮ್ಮಟದ ಮುಂದಿನ ಮ್ಯೂಸಿಯಂ ಬಿಡಬೇಡಿ. ಮಂಗಳೇಶ ಮಹಾಕೂಟದಲ್ಲಿ ನಿಲ್ಲಿಸಿದ್ದ ಶಾಸನದ ಕಂಬ ಈಗ ಅಲ್ಲಿದೆ. ನೀವು ಈಜಿದ ಹೊಂಡದ ಪಕ್ಕದ್ದು ಎಂದರೆ ನೋಡುವ ಖುಷಿಯೇ ಬೇರೆ.

ಊಟ ಏನು?

ಮಹಾಕೂಟದಲ್ಲಿ ಮತ್ತು ಬನಶಂಕರಿಯಲ್ಲಿ ಬುಟ್ಟಿ ಹೊತ್ತ ಅಕ್ಕಂದಿರು ಇರುತ್ತಾರೆ. "ಬರ್ರಿ ಅಣ್ಣಾರ, ರೊಟ್ಟಿ ಉಣ್ರಿ, ಗಟ್ಟಿ ಮೊಸರ ಐತಿ" ಎಂದು ಕರೆಯುತ್ತಾರೆ. ಜೋಳದ ರೊಟ್ಟಿ, ಎಣ್ಣೆಗಾಯಿ, ಕಾಳು ಪಲ್ಯ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ, ಕೆಂಪು ಖಾರ. ಮೇಲೆ ಸಣ್ಣ ಗಡಿಗೆಯಲ್ಲಿ ಹೆಪ್ಪು ಹಾಕಿದ ಮೊಸರು. ಗಡಿಗೆ ಬೋರಲು ಹಾಕಿದರೂ ಬೀಳುವುದಿಲ್ಲ. ಈಜಿ ಹಸಿದು ಬಂದವರು ಎಷ್ಟು ರೊಟ್ಟಿ ತಿಂದೆ ಎಂದು ಲೆಕ್ಕ ತಪ್ಪುತ್ತಾರೆ. ಊಟದ ದುಡ್ಡು ಆ ಅಕ್ಕಂದಿರ ಕೈಗೇ ನೀವೇ ಕೊಡಿ, ನನ್ನ ಲೆಕ್ಕದಲ್ಲಿ ಸೇರಿಲ್ಲ. ಚೌಕಾಸಿ ಮಾಡಿದರೆ ನನಗೆ ಬೇಜಾರು.

ಈಜು ಮೊದಲು, ಊಟ ಆಮೇಲೆ. ಇದಕ್ಕೆ ವಿನಾಯಿತಿ ಇಲ್ಲ. ಖಾರ ಆಗದವರು ಮೊದಲೇ ಹೇಳಿ, ಬಾಳೆಹಣ್ಣು ಇಟ್ಟಿರುತ್ತೇನೆ.

ಟಿಕೆಟ್ ಎಷ್ಟು?

ನಮ್ಮ ದೇಶದವರಿಗೆ ಪಟ್ಟದಕಲ್ಲಿನಲ್ಲಿ 40 ರೂಪಾಯಿ, ಬಾದಾಮಿ ಗುಹೆಗೆ 25, ಐಹೊಳೆಯ ದುರ್ಗ ಗುಡಿ ಆವರಣಕ್ಕೆ 25. ಆನ್‌ಲೈನ್‌ನಲ್ಲಿ ತೆಗೆದರೆ ಐದು ರೂಪಾಯಿ ಕಡಿಮೆ. ಹದಿನೈದು ವರ್ಷದೊಳಗಿನ ಮಕ್ಕಳಿಗೆ ಇಲ್ಲ. ಮಹಾಕೂಟಕ್ಕೆ ಟಿಕೆಟ್ ಇಲ್ಲ. ಬಾದಾಮಿಯ ಮ್ಯೂಸಿಯಂಗೆ ಶುಕ್ರವಾರ ರಜೆ. ಅಲ್ಲಿರುವ ಲಜ್ಜಾಗೌರಿಯ ಮೂರ್ತಿ ನೋಡಬೇಕು ಎನ್ನುವವರು ಆ ದಿನ ಬಿಟ್ಟು ಬನ್ನಿ.

ಅಪ್ಪ ಅಮ್ಮನಿಗೆ ಮೊಣಕಾಲು ನೋವು. ಕರೆತರಬಹುದಾ?

ಖಂಡಿತ. ಪಟ್ಟದಕಲ್ಲು ಪೂರ್ತಿ ಸಮತಟ್ಟು, ಹುಲ್ಲಿನ ಮೇಲೆ ನಡೆಯಬಹುದು. ದುರ್ಗ ಗುಡಿ, ಮಹಾಕೂಟ ತೊಂದರೆ ಇಲ್ಲ. ಮೇಗುತಿ ಬಿಡಬೇಕು. ಬಾದಾಮಿಯಲ್ಲಿ ಮೊದಲನೇ ಗುಹೆವರೆಗೆ ನಿಧಾನ ಹತ್ತಿಸಬಹುದು. ಮುಂದಿನ ಮೆಟ್ಟಿಲು ಎತ್ತರ. ಅವರನ್ನು ಅಲ್ಲೇ ನೆರಳಲ್ಲಿ ಕೂರಿಸಿ, ಆದರೆ ಕೈಯಲ್ಲಿ ತಿಂಡಿ ಮಾತ್ರ ಕೊಡಬೇಡಿ. ಯಾಕೆ ಎಂದು ಕೆಳಗೆ ಓದಿ.

ಮಂಗಗಳು ಅಷ್ಟು ತೊಂದರೆ ಕೊಡುತ್ತವಾ?

ಕೊಡುತ್ತವೆ. ಬಾದಾಮಿಯ ಮಂಗಗಳಿಗೆ ಪ್ಲಾಸ್ಟಿಕ್ ಚೀಲದ ಸದ್ದು ಗೊತ್ತು, ನೀರಿನ ಬಾಟಲಿಯ ಮುಚ್ಚಳ ತಿರುಗಿಸುವುದೂ ಗೊತ್ತು. ತಿಂಡಿ ಗಾಡಿಯಲ್ಲೇ ಬಿಡಿ. ಕನ್ನಡಕಕ್ಕೆ ದಾರ ಕಟ್ಟಿಕೊಳ್ಳಿ. ಕಿತ್ತುಕೊಂಡರೆ ಎಳೆದಾಡಬೇಡಿ, ಬಿಟ್ಟುಬಿಡಿ. ತಿನ್ನುವುದಲ್ಲ ಎಂದು ಗೊತ್ತಾದರೆ ಅವೇ ಎಸೆಯುತ್ತವೆ. ಹೆಚ್ಚಾಗಿ ಕೆರೆಯ ಕಡೆಗೆ.

ಫೋಟೊ, ಡ್ರೋನ್?

ಮೊಬೈಲು, ಕ್ಯಾಮೆರಾ ಸರಿ. ಟ್ರೈಪಾಡಿಗೆ ಅನುಮತಿ ಬೇಕು. ಅನುಮತಿ ಇಲ್ಲದೆ ಡ್ರೋನ್ ಹಾರಿಸುವಂತಿಲ್ಲ. ಹೊಂಡದಲ್ಲಿ ಮೀಯುತ್ತಿರುವ ಬೇರೆಯವರ ಫೋಟೊ ತೆಗೆಯಬೇಡಿ. ಕೆತ್ತನೆ ಮುಟ್ಟಬೇಡಿ, ಒರಗಬೇಡಿ. ಇದು ಮರಳುಗಲ್ಲು, ಸವೆಯುತ್ತದೆ.

ಮನೆಗೆ ಏನು ಒಯ್ಯಬಹುದು?

ಗುಳೇದಗುಡ್ಡದ ಖಣ, ಇಳಕಲ್ ಸೀರೆ, ಅಮೀನಗಡದ ಕರದಂಟು. ಮೂರೂ ಈ ಜಿಲ್ಲೆಯವೇ. ಸೀರೆ ಆರಿಸಲು ಮಾತ್ರ ನಮ್ಮ ಪ್ರವಾಸದಲ್ಲಿ ಹೊತ್ತಿಲ್ಲ. ಒಮ್ಮೆ ಗಾಡಿ ನಿಲ್ಲಿಸಿ, ಭೂತನಾಥದ ಸೂರ್ಯಾಸ್ತ ತಪ್ಪಿಸಿಕೊಂಡಿದ್ದೇವೆ.

ಮಳೆ ಬಂದರೆ ದುಡ್ಡು ವಾಪಸ್ಸಾ?

ಸಣ್ಣ ಮಳೆಗೆ ನಿಲ್ಲಿಸುವುದಿಲ್ಲ. ಮಳೆಯಲ್ಲಿ ತೊಯ್ದ ಬಾದಾಮಿಯ ಬಂಡೆ ನೋಡುವುದೇ ಒಂದು ಭಾಗ್ಯ. ಮಲಪ್ರಭೆ ತುಂಬಿ ದಾರಿ ಮುಚ್ಚಿದರೆ, ಅಥವಾ ನಾನೇ ಬೇಡ ಎಂದರೆ, ಪೂರ್ತಿ ವಾಪಸ್. ಹೊಂಡಕ್ಕೆ ಇಳಿಯಲು ಆಗಲಿಲ್ಲ ಎಂಬ ಒಂದೇ ಕಾರಣಕ್ಕೆ ವಾಪಸ್ ಕೊಡುವುದಿಲ್ಲ.

ಏನೇನು ತರಬೇಕು?

ಟೋಪಿ, ಟವೆಲು, ಒಂದು ಜೊತೆ ಒಣ ಬಟ್ಟೆ, ಎರಡು ಲೀಟರ್ ನೀರು. ಸುಲಭವಾಗಿ ಬಿಚ್ಚಿ ಹಾಕಬಹುದಾದ ಚಪ್ಪಲಿ, ಯಾಕೆಂದರೆ ಪೂಜೆ ಇರುವ ಗುಡಿಗಳಲ್ಲಿ ಹೊರಗೇ ಬಿಡಬೇಕು. ಬೇಸಿಗೆಯಲ್ಲಿ ಒಂದು ಜೊತೆ ಹಳೆ ಕಾಲುಚೀಲ ತನ್ನಿ, ಕಾದ ಕಲ್ಲಿನ ಮೇಲೆ ಅದು ಬೇಕಾಗುತ್ತದೆ. ರೊಟ್ಟಿ ಅಕ್ಕಂದಿರಿಗೆ ಕೊಡಲು ಚಿಲ್ಲರೆ ಇರಲಿ. ಒದ್ದೆ ಬಟ್ಟೆಗೆ ಒಂದು ಚೀಲ ಮರೆಯಬೇಡಿ. ನನ್ನ ಗಾಡಿಯ ಸೀಟು ಇನ್ನೂ ಹೊಸದು.